ಉಣ್ಣೆ ಎಲೆಯ ಮುದ್ರೆ ಗಿಡ

ಗಿಡ ಹುಡುಕಿಕೊಂಡು ಔರಾದ ತಾಲೂಕಿನ ಬರಡು ದಿಬ್ಬಗಳನ್ನು ಸುತ್ತುವಾಗ ನನ್ನ ಜೊತೆಗಿರುತ್ತಿದ್ದವರು ನನ್ನ ಅತ್ತೆ. ಈ ಮಾತು ಹೇಳಿದಾಗ ಭಾಲ್ಕಿಯ ಕಾಲೇಜಿನಲ್ಲಿ ನನ್ನ ಜೊತೆ ಪಾಠ ಮಾಡುವವರು ಮೊದಮೊದಲು ಮರುಕದಿಂದ ನೋಡುತ್ತಿದ್ದರು. ಸೊಸೆ ಒಬ್ಬಳೇ ತಿರುಗಬಾರದೆಂದು ಮನೆಯವರು ಕಾವಲಿಗೆ ಕಳಿಸಿದ್ದಾರೆ ಎಂದು ಅವರ ತಿಳಿವಳಿಕೆ. ಮೊದಲನೆಯ ಸಲ ನಾನೂ ಹಾಗೆಯೇ ಅಂದುಕೊಂಡಿದ್ದೆ.

ನಾನು ಭಾಲ್ಕಿಯಲ್ಲಿ ಸಸ್ಯಶಾಸ್ತ್ರ ಕಲಿಸುತ್ತೇನೆ. ನನ್ನ ಗಂಡ ಬೀದರಿನ ಕೊಳಾರದಲ್ಲಿ ಒಂದು ಗೋದಾಮಿನ ಉಸ್ತುವಾರಿ ನೋಡಿಕೊಳ್ಳುತ್ತಾರೆ; ಬೆಳಿಗ್ಗೆ ರೈಲಿಗೆ ಹೋಗಿ ಸಂಜೆ ಬರುತ್ತಾರೆ. ಅತ್ತೆ ಇರುವುದು ಔರಾದಿನಲ್ಲಿ, ದೊಡ್ಡ ಮಗನ ತುಂಬಿದ ಮನೆಯಲ್ಲಿ. ಮದುವೆಯಾಗಿ ಸಾಕಷ್ಟು ವರ್ಷಗಳಾದ ಮೇಲೆ ನಾನು ಪಿಎಚ್.ಡಿ.ಗೆ ಹೆಸರು ಹಚ್ಚಿದೆ. ವಿಷಯ ನಮ್ಮ ಜಿಲ್ಲೆಯ ಒಣಭೂಮಿಯಲ್ಲಿ ಬೆಳೆಯುವ ದಾಸವಾಳದ ಕುಟುಂಬದ ಗಿಡಗಳು. ಯಾವ ಗಿಡ ಎಲ್ಲಿದೆ, ಯಾವುದು ಯಾವುದರ ಸಂಬಂಧಿ, ಯಾವುದನ್ನು ಬೇರೆ ಜಾತಿ ಎನ್ನಬೇಕು, ಯಾವುದನ್ನು ಎನ್ನಬಾರದು ಎಂದು ತೀರ್ಮಾನಿಸುವ ಕೆಲಸ. ಹೊರಗಿನವರಿಗೆ ಇದು ಕೆಲಸವೇ ಅನ್ನಿಸುವುದಿಲ್ಲ. ನನ್ನ ಗಂಡನೂ ಒಮ್ಮೆ, "ಗಿಡಕ್ಕ ತನ್ನ ಹೆಸರು ಗೊತ್ತಿರೂದಿಲ್ಲ, ನಿನಗ್ಯಾಕ ಚಿಂತಿ?" ಎಂದು ನಕ್ಕಿದ್ದರು.

ಆ ವರ್ಷ ಮಳೆ ಚೆನ್ನಾಗಿ ಬಿದ್ದಿತ್ತು. ಭಾನುವಾರ ಔರಾದಿಗೆ ಹೋಗಿ, ಮನೆಯಲ್ಲಿ ಚಹಾ ಕುಡಿದು, ಸಂತಪುರದ ದಿಕ್ಕಿನ ದಿಬ್ಬಗಳನ್ನು ನೋಡಿ ಬರುತ್ತೇನೆಂದು ಎದ್ದೆ. ಅತ್ತೆ ಆಗಲೇ ಸೆರಗು ಸರಿ ಮಾಡಿಕೊಂಡು ಬಾಗಿಲಲ್ಲಿ ನಿಂತಿದ್ದರು.

"ನಾನೂ ಬರ್ತೇನಿ."

"ಬಿಸಲದರಿ ಅತ್ತಿ. ನಿಮಗ್ಯಾಕ ತ್ರಾಸು?"

"ಬಿಸಲು ನಿನಗೊಬ್ಬಾಕಿಗೇ ಬೀಳತದೇನು? ಬಸ್ ಹೆಣ್ಮಕ್ಕಳಿಗಿ ಫ್ರೀ ಅದ. ಆಧಾರ್ ಕಾರ್ಡ್ ತಗೊಂಡೀನಿ. ನಡಿ."

ಬಸ್ಸಿನಲ್ಲಿ ಅವರು ಕಿಟಕಿಯ ಪಕ್ಕದ ಸೀಟು ಹಿಡಿದರು. ಹೊರಗೆ ನೋಡುತ್ತ, ಯಾರ ಹೊಲದಲ್ಲಿ ತೊಗರಿ ಎಷ್ಟು ಬೆಳೆದಿದೆ, ಯಾರು ಉದ್ದು ಹಾಕಿದ್ದಾರೆ ಎಂದು ಹೇಳುತ್ತ ಹೋದರು. ಅವರ ಮುಖ ನೋಡಿದರೆ ಕಾವಲಿಗೆ ಬಂದವರಂತೆ ಇರಲಿಲ್ಲ. ಮನೆಯಲ್ಲಿ ಮೊಮ್ಮಕ್ಕಳ ಗದ್ದಲ, ಟಿವಿ, ಕುಕ್ಕರಿನ ಸೀಟಿ ಇವುಗಳಿಂದ ಒಂದು ದಿನ ತಪ್ಪಿಸಿಕೊಂಡ ಖುಷಿ ಅವರಿಗೆ. ಅದು ಅರ್ಥವಾದ ಮೇಲೆ ನಾನೇ ಶನಿವಾರ ಫೋನು ಮಾಡಿ, "ನಾಳಿಗಿ ತಯಾರಿರ್ರಿ" ಎನ್ನತೊಡಗಿದೆ.

ಮೊದಲ ಕೆಲವು ವಾರ ಅವರಿಗೆ ನನ್ನ ಕೆಲಸ ವಿಚಿತ್ರವಾಗಿ ಕಂಡಿತು. ಗಿಡ ಕಿತ್ತು ಕಾಗದದ ನಡುವೆ ಇಟ್ಟು ಒತ್ತುವುದೇಕೆ? ಔಷಧಿಗಂತೂ ಅಲ್ಲ, ಅಡಿಗೆಗೂ ಅಲ್ಲ. ಒಂದು ದಿನ ಹಿತ್ತಲಿನಲ್ಲಿ ಬೆಂಡೆ ಹೂಬಿಟ್ಟಿದ್ದನ್ನು ನೋಡಿ ನಾನು ಅವರನ್ನು ಕರೆದೆ. ಪಕ್ಕದ ಪುಂಡಿ ಸೊಪ್ಪಿನ ಗಿಡವೂ ಹೂಬಿಟ್ಟಿತ್ತು. ಎರಡನ್ನೂ ಕಿತ್ತು ಅಂಗೈಯಲ್ಲಿ ಇಟ್ಟೆ.

"ನೋಡ್ರಿ ಅತ್ತಿ, ಐದು ಎಸಳು. ನಡುವ ಈ ಕೋಲು. ಅದರ ಮೈ ತುಂಬ ಪರಾಗ. ದಾಸವಾಳದಾಗೂ ಹಿಂಗೇ ಇರತದ, ಹತ್ತಿಯಾಗೂ ಹಿಂಗೇ. ಇವೆಲ್ಲ ಒಂದೇ ಮನಿತನ."

ಅವರು ಹೂವುಗಳನ್ನು ತಿರುಗಿಸಿ ನೋಡಿದರು. "ಬೆಂಡಿ, ಪುಂಡಿ, ಹತ್ತಿ, ದಾಸಾಳ ಎಲ್ಲಾ ಅಣ್ಣತಮ್ಮರು?"

"ಹೂಂ ರೀ."

"ಎಷ್ಟು ವರ್ಷ ಆಯ್ತು ಪಲ್ಯಾ ಮಾಡಲತ್ತೀನಿ, ಹತ್ತಿ ಬಿಡಸಲತ್ತೀನಿ. ಯಾರೂ ಹೇಳಿಲ್ಲ ನೋಡು." ಹೂವುಗಳನ್ನು ಮತ್ತೆ ಕೈಯಲ್ಲಿ ಹೊರಳಿಸಿ, "ದಾಸಾಳ ಶ್ರೀಮಂತರ ಮನಿಗಿ ಕೊಟ್ಟ ಮಗಳು ಇದ್ದಂಗ ಅದ" ಎಂದು ತಾವೇ ನಕ್ಕರು.

ಅವತ್ತಿನಿಂದ ಅವರ ಕಣ್ಣು ಎಲ್ಲ ಹಳದಿ ಹೂವಿನ ಮೇಲೂ ಬೀಳತೊಡಗಿತು. ಅರ್ಧಕ್ಕರ್ಧ ತಪ್ಪಾಗುತ್ತಿತ್ತು. ತರವಾಡ, ಅಂದರೆ ಆವರಿಕೆ ಗಿಡವನ್ನು ತೋರಿಸಿ ಇದೂ ಅದೇ ಮನೆತನ ಎನ್ನುವರು. ನಾನು ಅಲ್ಲವೆಂದರೆ, "ಇರಲಿ, ನೆರಿಮನಿ ಅನ್ನು" ಎಂದು ಮುಂದೆ ಹೋಗುವರು.

ನಮ್ಮ ಕಡೆ ಹಾಳುಬಿದ್ದ ಜಾಗದಲ್ಲೆಲ್ಲ ಬೆಳೆಯುವ ಮುದ್ರೆ ಗಿಡ ಅವರಿಗೆ ಹೊಸದೇನಲ್ಲ. ಎದೆಯೆತ್ತರದ ಗಿಡ, ಹೃದಯದಾಕಾರದ ಎಲೆ, ಮಧ್ಯಾಹ್ನ ಕಳೆದ ಮೇಲೆ ಅರಳುವ ಹಳದಿ ಹೂ. ಕಾಯಿ ಮಾತ್ರ ಯಾರೂ ಮರೆಯದಂಥದ್ದು. ಸುತ್ತಲೂ ಹಲ್ಲಿರುವ ಚಿಕ್ಕ ಚಕ್ರದಂತೆ ಇರುತ್ತದೆ. ಮಕ್ಕಳು ಅದನ್ನು ಶಾಯಿಯಲ್ಲಿ ಅದ್ದಿ ಕೈಮೇಲೆ ಠಸ್ಸೆ ಒತ್ತಿಕೊಳ್ಳುತ್ತಾರೆ, ಅದಕ್ಕೇ ಮುದ್ರೆ. ಅತ್ತೆಯ ನೆರೆಮನೆಯ ಖಾಲಾ ಅದನ್ನು ಕಂಘಿ ಎನ್ನುತ್ತಾರೆ, ಅಂದರೆ ಬಾಚಣಿಗೆ. ಖಾಲಾ ಎಂದರೆ ಚಿಕ್ಕಮ್ಮ. ನಾವೆಲ್ಲ ಅವರನ್ನು ಹಾಗೆಯೇ ಕರೆಯುವುದು. ಅವರ ಯಜಮಾನರು ಔರಾದಿನ ಬಜಾರಿನಲ್ಲಿ ಬಟ್ಟೆ ಹೊಲಿಯುತ್ತಿದ್ದರು, ಈಗ ಮಗ ಹೊಲಿಯುತ್ತಾನೆ. ಖಾಲಾ ಒಂದೆರಡು ಆಡು ಸಾಕಿದ್ದಾರೆ. ಎರಡು ಮನೆಗಳ ಹಿತ್ತಲಿನ ನಡುವೆ ಮೋಟು ಗೋಡೆ. ಅತ್ತೆ ಮತ್ತು ಖಾಲಾ ಅದರ ಆಚೆ ಈಚೆ ನಿಂತು ಮಾತಾಡುತ್ತ ಮಧ್ಯವಯಸ್ಸನ್ನು ದಾಟಿದವರು. ಒಬ್ಬರು ಕನ್ನಡದಲ್ಲಿ ಶುರು ಮಾಡಿದ ಮಾತನ್ನು ಇನ್ನೊಬ್ಬರು ದಖ್ಖನಿಯಲ್ಲಿ ಮುಗಿಸುತ್ತಾರೆ.

ನಾನು ಹೇಳಬೇಕೆಂದಿರುವ ಗಿಡ ನಮಗೆ ಸಿಕ್ಕಿದ್ದು ಮಳೆಗಾಲ ಮುಗಿಯುವ ಹೊತ್ತಿಗೆ. ಸಂತಪುರ ಔರಾದ ರಸ್ತೆಯಿಂದ ಸ್ವಲ್ಪ ಒಳಗೆ, ಗರಸು ಮಣ್ಣಿನ ಒಂದು ಇಳಿಜಾರು. ಎರೆಹೊಲಗಳೆಲ್ಲ ಕೆಳಗೆ ಉಳಿದು, ಮೇಲೆ ಬರೀ ಕಲ್ಲು. ಹುಲ್ಲು ಕೂಡ ಒಣಗಿತ್ತು. ಅತ್ತೆ ಬೇವಿನ ನೆರಳಿನಲ್ಲಿ ಕುಳಿತು ನೀರು ಕುಡಿಯುತ್ತಿದ್ದರು. ನಾನು ಮೇಲೆ ಹತ್ತಿದೆ. ಕಲ್ಲುಗಳ ನಡುವೆ ಐದಾರು ಗಿಡ ನಿಂತಿದ್ದವು. ದೂರದಿಂದ ಧೂಳು ಹಿಡಿದ ಮುದ್ರೆ ಗಿಡ ಅನ್ನಿಸಿತು. ಹತ್ತಿರ ಹೋಗಿ ಎಲೆ ಮುಟ್ಟಿದೆ. ಧೂಳಲ್ಲ, ರೋಮ. ಎಲೆಯ ಎರಡೂ ಬದಿಗೆ ದಪ್ಪಗೆ, ಬೂದು ಬಣ್ಣದ ಉಣ್ಣೆ. ಹೂವಿನ ನಡುವೆ ಕಡುಗೆಂಪು ಬೊಟ್ಟು. ನಾವು ದಿನಾ ನೋಡುವ ಮುದ್ರೆ ಗಿಡದ ಹೂವಿನಲ್ಲಿ ಬೊಟ್ಟು ಇರುವುದಿಲ್ಲ.

ಎದೆ ಹೊಡೆದುಕೊಂಡಿತು ಎಂದು ಬರೆದರೆ ಅತಿಯಾದೀತು. ಆದರೆ ನಾನು ಅತ್ತೆಯನ್ನು ಕೂಗಿದ ದನಿ ಕೇಳಿ ಅವರು ಹಾವು ಕಚ್ಚಿತೆಂದೇ ತಿಳಿದು ಚಪ್ಪಲಿ ಬಿಟ್ಟು ಓಡಿಬಂದರು.

"ಎಲ್ಲಿ? ಎಲ್ಲಿ ಕಚ್ಚದ?"

"ಏನೂ ಕಚ್ಚಿಲ್ರಿ. ಈ ಎಲಿ ಮುಟ್ಟಿ ನೋಡ್ರಿ."

ಅವರು ಮೊದಲು ನನಗೆ ಬೈದರು. ಆಮೇಲೆ ಎಲೆ ಮುಟ್ಟಿದರು. ಮತ್ತೊಮ್ಮೆ ಮುಟ್ಟಿದರು. ಕೆನ್ನೆಗೆ ಒತ್ತಿಕೊಂಡರು. "ಹೊಸಾ ಕಂಬಳಿ ಇದ್ದಂಗ ಅದಲ್ಲ! ಇಷ್ಟು ಬಿಸಲಾಗ ಕಂಬಳಿ ಹೊತ್ಕೊಂಡು ನಿಂತದ, ಹುಚ್ಚ ಗಿಡ."

ಮುಂದಿನ ವಾರ ಒತ್ತಿದ ಮಾದರಿಗಳನ್ನು ತೆಗೆದುಕೊಂಡು ಬೀದರಿಗೆ, ನನ್ನ ಮಾರ್ಗದರ್ಶಕರ ಮನೆಗೆ ಹೋದೆ. ನಿವೃತ್ತಿಗೆ ಹತ್ತಿರವಾದವರು, ಸಾವಕಾಶದ ಮನುಷ್ಯ. ಕನ್ನಡಕ ಹಣೆಗೇರಿಸಿ, ಭೂತಗನ್ನಡಿ ಹಿಡಿದು ಬಹಳ ಹೊತ್ತು ನೋಡಿದರು. ನಾನು ಒಳಗೊಳಗೇ ಹೊಸ ಜಾತಿಯ ಕನಸು ಕಟ್ಟಿದ್ದೆ. ಹೆಸರು ಕೂಡ ಯೋಚಿಸಿದ್ದೆ. ಬೀದರಿನ ಹೆಸರು ಬರುವಂಥದ್ದು.

"ಚಂದ ಅದರಿ ಮೇಡಂ," ಎಂದರು. "ಆದರ ಒಂದು ಪ್ರಶ್ನಿ ಅದ. ಇದು ಖರೇನೇ ಬ್ಯಾರೆ ಜಾತಿಯೋ, ಇಲ್ಲ ನಮ್ಮ ಮಾಮೂಲಿ ಮುದ್ರಿ ಗಿಡನೇ ಕಲ್ಲಾಗ ನೀರಿಲ್ದ ಬೆಳದು ಉಣ್ಣಿ ಹೊತ್ಕೊಂಡದೋ? ಒಣ ಜಾಗದಾಗ ಗಿಡಕ್ಕ ರೋಮ ಹೆಚ್ಚಾಗೂದು ಇದ್ದದ್ದೇ."

"ಹ್ಯಾಂಗ ಗೊತ್ತು ಮಾಡಬೇಕ್ರಿ ಸರ್?"

"ಎರಡರ ಬೀಜಾನೂ ಒಂದೇ ಮಣ್ಣಾಗ ಹಾಕ್ರಿ. ಒಂದೇ ನೀರು, ಒಂದೇ ಬಿಸಲು. ಉಣ್ಣಿ ಬಿಟ್ಟು ಮಾಮೂಲಿಯಾದ್ರ ಎರಡೂ ಒಂದೇ. ಉಳದ್ರ ಬ್ಯಾರೆ. ಪುಸ್ತಕ ಆಮ್ಯಾಲ ತೆಗಿಯೋಣ."

ಭಾಲ್ಕಿಯಲ್ಲಿ ನಮ್ಮದು ಬಾಡಿಗೆಯ ಮಹಡಿ ಮನೆ. ಕುಂಡದಲ್ಲಿ ಬೆಳೆಸಿದರೆ ಸರಿಹೋಗದು. ಸಮಸ್ಯೆ ಹೇಳಿದ ಕೂಡಲೇ ಅತ್ತೆ, "ನನ್ನ ಹಿತ್ತಲ ಏನ್ ಸತ್ತದೇನು?" ಎಂದರು. ಮೆಂತೆ, ಕೊತ್ತಂಬರಿ ಹಾಕುತ್ತಿದ್ದ ಮಡಿಯನ್ನು ತೆರವು ಮಾಡಿಕೊಟ್ಟರು. ಮುಂದಿನ ಮಳೆ ಶುರುವಾದಾಗ, ಗಟ್ಟಿ ಸಿಪ್ಪೆಯ ಬೀಜಗಳನ್ನು ಬಿಸಿನೀರಿನಲ್ಲಿ ನೆನೆಸಿ, ಎರಡು ಸಾಲು ಬಿತ್ತಿದೆವು. ಗೋಡೆಯ ಕಡೆಯ ಸಾಲು ಉಣ್ಣೆಯದು, ಮನೆಯ ಕಡೆಯದು ಮಾಮೂಲಿ. ಮೊಳಕೆ ಬಂದಾಗ ಅತ್ತೆ ವಿಡಿಯೋ ಕಾಲ್ ಮಾಡಿದರು. ಫೋನಿನಲ್ಲಿ ಕಂಡದ್ದು ಅವರ ಹೆಬ್ಬೆರಳು ಮತ್ತು ಅದರ ಹಿಂದೆ ಸ್ವಲ್ಪ ಹಸಿರು. "ಕಾಣಲತ್ತದೇನು?" "ಕಾಣಲತ್ತದರಿ." ಖಾಲಾ ಗೋಡೆಯಾಚೆಯಿಂದ, "ಬೇಟಿ, ನಿನ್ನ ಕಂಘಿ ಎದ್ದದ!" ಎಂದು ಕೂಗಿದ್ದೂ ಕೇಳಿಸಿತು.

ಆಮೇಲೆ ಕಾಲೇಜಿನಲ್ಲಿ ಪರೀಕ್ಷೆ, ಮೌಲ್ಯಮಾಪನ ಎಂದು ನಾನು ಹಲವು ವಾರ ಔರಾದಿಗೆ ಹೋಗಲಾಗಲಿಲ್ಲ. ಅತ್ತೆಯ ವಿಡಿಯೋ ಕಾಲೂ ಕಡಿಮೆಯಾಯಿತು. ಕೇಳಿದರೆ, "ಚಲೋ ಅವ, ಬೆಳೀಲತ್ಯಾವ" ಎನ್ನುವರು. ನಾನು ನಂಬಿಕೊಂಡೆ.

ಕೊನೆಗೆ ಹೋಗಿ ನೋಡಿದಾಗ ಗಿಡಗಳು ಮೊಣಕಾಲು ದಾಟಿದ್ದವು. ಮಾಮೂಲಿ ಸಾಲು ನಿರೀಕ್ಷಿಸಿದಂತೆ ಹಸಿರು, ತೆಳುವಾದ ಎಲೆ. ಉಣ್ಣೆಯ ಸಾಲಿನಲ್ಲಿ ಅರ್ಧ ಗಿಡಗಳಿಗೆ ದಪ್ಪ ಉಣ್ಣೆ, ಉಳಿದ ಅರ್ಧಕ್ಕೆ ಏನೂ ಇಲ್ಲ. ಪಕ್ಕಪಕ್ಕದಲ್ಲೇ ಒಂದು ಬೂದು, ಒಂದು ಹಸಿರು. ನಾನು ಮಣ್ಣಿನಲ್ಲೇ ಕುಳಿತುಬಿಟ್ಟೆ. ಬೀಜ ಆರಿಸಿದ್ದು ನಾನೇ, ಬೆರೆಯಲು ಸಾಧ್ಯವಿರಲಿಲ್ಲ. ಒಂದೇ ಗಿಡದ ಮಕ್ಕಳು ಅರ್ಧ ಹೀಗೆ, ಅರ್ಧ ಹಾಗೆ ಆದರೆ ಅವೆರಡೂ ಬೇರೆ ಜಾತಿ ಎಂದು ಹೇಗೆ ಹೇಳುವುದು?

"ಯಾಕ ಸಪ್ಪಗಾದಿ?" ಅತ್ತೆ ಕೇಳಿದರು.

"ಎರಡೂ ಒಂದೇ ಅನಸ್ತದರಿ ಅತ್ತಿ. ಉಣ್ಣಿ ಒಂದಕ್ಕ ಬರತದ, ಒಂದಕ್ಕ ಬರಂಗಿಲ್ಲ, ಅಷ್ಟೇ. ನಾ ಅಂದ್ಕೊಂಡಿದ್ದು ತಪ್ಪು."

ಅವರು ಏನೋ ಹೇಳಲು ಬಾಯಿ ತೆರೆದು, ಗೋಡೆಯ ಕಡೆ ನೋಡಿ, "ರೊಟ್ಟಿ ಆರ್ತದ, ಊಟಾ ಮಾಡು ನಡಿ" ಎಂದು ಒಳಗೆ ಹೋದರು. ಆ ದಿನ ನನಗೆ ಎರಡು ಸಲ ತುಪ್ಪ ಬಡಿಸಿದ್ದು ನೆನಪಿದೆ.

ಭಾಲ್ಕಿಗೆ ಬಂದು ನಾನು ಅಧ್ಯಾಯ ಬರೆಯಲು ಕುಳಿತೆ. ಬೇಸರವಾಗಿತ್ತು, ಆದರೆ ಬೇಸರದಲ್ಲೂ ಒಂದು ಶಿಸ್ತಿತ್ತು. ಕಂಡದ್ದನ್ನು ಕಂಡ ಹಾಗೆ ಬರೆಯಬೇಕು. ಒಣಜಾಗದ ಉಣ್ಣೆ ಎಲೆಯ ರೂಪವನ್ನು ಪ್ರತ್ಯೇಕ ಜಾತಿ ಎನ್ನಲು ಆಧಾರ ಸಾಲದು ಎಂದು ಬರೆದೆ. ಬೀದರಿನ ಸರ್ ಅವರಿಗೆ ಫೋನು ಮಾಡಿ ಹೇಳಿದಾಗ ಅವರು, "ಅರ್ಧಕ್ಕರ್ಧ? ವಿಚಿತ್ರ ಅದಲ್ರಿ. ಜರಾ ತಡೀರಿ, ಅವಸರ ಮಾಡಬ್ಯಾಡ್ರಿ" ಎಂದರು.

ಅದಾದ ಎರಡನೆಯ ದಿನವೋ ಮೂರನೆಯ ದಿನವೋ, ನಾನು ಕಾಲೇಜಿನಿಂದ ಮನೆಗೆ ಬಂದಾಗ ಮೆಟ್ಟಿಲ ಮೇಲೆ ಇಬ್ಬರು ಹೆಂಗಸರು ಕುಳಿತಿದ್ದರು. ಅತ್ತೆ ಮತ್ತು ಖಾಲಾ. ಖಾಲಾ ಬುರ್ಖಾದ ಮುಸುಕು ಹಿಂದೆ ಹಾಕಿಕೊಂಡು, ತೊಡೆಯ ಮೇಲೆ ಒಂದು ಸ್ಟೀಲಿನ ಡಬ್ಬಿ ಇಟ್ಟುಕೊಂಡಿದ್ದರು. ಔರಾದಿನಿಂದ ಬಸ್ಸು ಹತ್ತಿ, ಮುಂಚೆ ಹೇಳದೆ ಕೇಳದೆ ಬಂದಿದ್ದರು. ನನಗೆ ಗಾಬರಿಯಾಯಿತು. ಮನೆಯಲ್ಲಿ ಯಾರಿಗೆ ಏನಾಯಿತೋ!

"ಯಾರಿಗೂ ಏನೂ ಆಗಿಲ್ಲ. ಮದಲ ಬಾಗಲ ತೆಗಿ" ಎಂದರು ಅತ್ತೆ.

ಒಳಗೆ ಬಂದು ನೀರು ಕುಡಿದರು. ಖಾಲಾ ಡಬ್ಬಿ ಮುಂದೆ ತಳ್ಳಿದರು. ಅದರಲ್ಲಿ ಶೀರ್ ಖುರ್ಮಾ, ರಂಜಾನಿಗೆ ಮಾಡುವ ಶಾವಿಗೆ ಪಾಯಸ. ಹಬ್ಬ ಯಾವುದೂ ಇರಲಿಲ್ಲ. ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು.

"ನೀನೇ ಹೇಳು ಅಕ್ಕಾ," ಖಾಲಾ ಎಂದರು.

"ಆಡು ನಿಂದು. ನೀ ಹೇಳು."

"ಸಸಿ ಹಚ್ಚಿದಾಕಿ ನೀನು!"

ನನಗೆ ತಲೆಬುಡ ತಿಳಿಯಲಿಲ್ಲ. ಕೊನೆಗೆ ಅತ್ತೆಯೇ ಶುರು ಮಾಡಿದರು. ನಾನು ಪರೀಕ್ಷೆಯ ಗಡಿಬಿಡಿಯಲ್ಲಿದ್ದಾಗ ಒಂದು ಮಧ್ಯಾಹ್ನ ಖಾಲಾ ಅವರ ಕಪ್ಪು ಆಡು ಹಗ್ಗ ಬಿಚ್ಚಿಕೊಂಡು ಮೋಟು ಗೋಡೆ ಹಾರಿತ್ತು. ಗೋಡೆಯ ಪಕ್ಕದ ಸಾಲೇ ಉಣ್ಣೆಯದು. ಅತ್ತೆ ನಿದ್ದೆಯಿಂದ ಎದ್ದು ಬರುವಷ್ಟರಲ್ಲಿ ಸಾಲಿನ ಅರ್ಧವನ್ನು ಬುಡಸಮೇತ ಮುಗಿಸಿತ್ತು. ಖಾಲಾ ಅಳುವುದೊಂದು ಬಾಕಿ. ಓದಿದ ಹುಡುಗಿಯ ಕೆಲಸ ಹಾಳಾಯಿತು, ಅವಳ ಮುಖ ಹೇಗೆ ನೋಡಲಿ ಎಂದರಂತೆ. ಆಗ ಅತ್ತೆ ಉಪಾಯ ಮಾಡಿದರು. ಮಾಮೂಲಿ ಸಾಲಿನಲ್ಲಿ ಸಸಿ ದಟ್ಟವಾಗಿತ್ತು. ಹೇಗೂ ತೆಳು ಮಾಡಬೇಕು. ಅಲ್ಲಿಂದ ಕಿತ್ತು ಇಲ್ಲಿ, ಬರಿದಾದ ಜಾಗಕ್ಕೆಲ್ಲ ಹಚ್ಚಿದರು.

"ಸಣ್ಣವಿದ್ದಾಗ ಎಲ್ಲಾ ಒಂದೇ ಹಂಗ ಕಾಣತಿದ್ವು," ಅತ್ತೆ ಹೇಳಿದರು. "ಸಾಲು ತುಂಬಿದ್ರ ಆಯ್ತಲ್ಲ ಅಂತ ಅಂದ್ಕೊಂಡೆ. ನೀ ಮಣ್ಣಾಗ ಕುಂತಾಗ ಗೊತ್ತಾಯ್ತು, ಬ್ಯಾರೆನೇ ಏನೋ ಆಗ್ಯದ ಅಂತ. ಅವತ್ತೇ ಹೇಳಬೇಕಿತ್ತು. ಇವಳ ಮರ್ಯಾದಿ..."

"ನನ್ನ ಮರ್ಯಾದಿ ಇರಲಿ ಬೇಟಿ," ಖಾಲಾ ನಡುವೆ ಬಂದರು. "ನೀ ತಪ್ಪು ಬರದು ಪಾಸಾಗದಿದ್ರ ಹ್ಯಾಂಗ? ಅದಕ್ಕ ನಾನೇ ಅಂದೆ, ಚಲೋ ಅಕ್ಕಾ, ಹೋಗಿ ಹೇಳಿಬಿಡಣ ಅಂತ."

ನನಗೆ ಮೊದಲು ಬಂದದ್ದು ಸಿಟ್ಟೇ. ಒಂದು ಮಳೆಗಾಲ ಪೂರ್ತಿ ಹೋಗಿತ್ತು. ಎದ್ದು ಅಡಿಗೆಮನೆಗೆ ಹೋಗಿ, ಚಹಾಕ್ಕೆ ನೀರಿಟ್ಟು, ಒಲೆಯ ಮುಂದೆ ನಿಂತೆ. ಮಾತಾಡಿದರೆ ಕೆಟ್ಟ ಮಾತೇ ಬರುತ್ತದೆ ಎಂದು ಗೊತ್ತಿತ್ತು. ಹೊರಗಿನ ಕೋಣೆಯಲ್ಲಿ ಇಬ್ಬರೂ ಪಿಸುಗುಟ್ಟುತ್ತಿದ್ದರು.

"ಸಿಟ್ಟಿಗಿ ಬಂದಾಳ" ಎಂದರು ಖಾಲಾ.

"ಬರಲಿ. ಚಹಾ ಇಡಲತ್ತಾಳ. ಪೂರಾ ಸಿಟ್ಟಿಗಿ ಬಂದ್ರ ಚಹಾ ಇಡತಿದ್ದಿಲ್ಲ."

ಅದನ್ನು ಕೇಳಿದಾಗ ನನಗೆ ನಗು ಬಂತು. ಆಮೇಲೆ ಇನ್ನೊಂದು ಹೊಳೆಯಿತು. ಅರ್ಧ ಗಿಡಗಳು ಆಡು ತಿಂದ ಜಾಗದಲ್ಲಿ ಹಚ್ಚಿದ ಮಾಮೂಲಿ ಸಸಿಗಳಾದರೆ, ಉಣ್ಣೆ ಉಳಿಸಿಕೊಂಡವು ಮೂಲದ ಸಸಿಗಳು. ಅಂದರೆ ಮೆಂತೆ ಬೆಳೆಯುವ ಒಳ್ಳೆಯ ಮಣ್ಣಿನಲ್ಲಿ, ಸಾಕಷ್ಟು ನೀರು ಕುಡಿದೂ ಅವು ಉಣ್ಣೆ ಕಳೆದುಕೊಂಡಿರಲಿಲ್ಲ! ನಾನು ಚಹಾ ಸೋಸುವುದನ್ನು ಬಿಟ್ಟು ಹೊರಗೆ ಓಡಿಬಂದೆ.

"ಅತ್ತಿ, ಉಣ್ಣಿ ಇದ್ದದ್ದು ಒಂದಾದರೂ ನೀವು ಹಚ್ಚಿದ್ದು ಅದ ಏನ್ರಿ?"

"ಇಲ್ಲವಾ. ಅದರ ಸಸಿ ಎಲ್ಲಿ ಉಳದಿದ್ವು ಹಚ್ಚಾಕ?"

ಖಾಲಾಗೆ ಅರ್ಥವಾಗಲಿಲ್ಲ. ನನ್ನ ಮುಖ ನೋಡಿ ಅವರೂ ನಗತೊಡಗಿದರು. ಸಂಜೆ ರೈಲಿಳಿದು ಬಂದ ನನ್ನ ಗಂಡ ಬಾಗಿಲು ತೆರೆದಾಗ ಮೂವರೂ ಶೀರ್ ಖುರ್ಮಾ ತಿನ್ನುತ್ತ ನಗುತ್ತಿದ್ದೆವು. ಅವ್ವ ಯಾಕೆ ಬಂದಳು, ಖಾಲಾ ಯಾಕೆ ಬಂದರು, ಹಬ್ಬ ಯಾವುದು ಎಂದು ಒಂದೊಂದಾಗಿ ಕೇಳಿದರು. ಅವರಿಗೆ ಪೂರ್ತಿ ಕಥೆ ತಿಳಿಯಲು ಊಟದ ತನಕ ಹಿಡಿಯಿತು.

ಹೀಗಿದ್ದರೂ ಅದನ್ನೇ ಸಾಕ್ಷಿ ಎಂದು ಬರೆಯುವ ಹಾಗಿರಲಿಲ್ಲ. ಯಾವ ಗಿಡ ಯಾವ ಬೀಜದ್ದು ಎಂಬುದಕ್ಕೆ ಅತ್ತೆಯ ನೆನಪೊಂದೇ ಆಧಾರ. ಸರ್ ಅವರಿಗೆ ಹೇಳಿದೆ. ಅವರು ಫೋನಿನಲ್ಲೇ ಬಿದ್ದು ಬಿದ್ದು ನಕ್ಕರು. "ಆ ಆಡಿಗೂ ಬ್ಯಾರೆ ಜಾತಿ ಅಂತ ಗೊತ್ತಾಗ್ಯದ ಏನೋ, ಮಾಮೂಲಿ ಮುಟ್ಟಿಲ್ಲ ನೋಡ್ರಿ" ಎಂದರು. ನಾನು, ಗೋಡೆಯ ಪಕ್ಕ ಇದ್ದದ್ದೇ ಆ ಸಾಲು ಎಂದೆ. "ಹಂಗಾರ ಮತ್ತೊಮ್ಮೆ ಬಿತ್ತರಿ. ಒಂದು ವರ್ಷ ತಡ ಆದ್ರ ಏನಾಯ್ತು?"

ಮರುವರ್ಷ ಮತ್ತೆ ಬಿತ್ತಿದೆವು. ಈ ಸಲ ಸಾಲುಗಳನ್ನು ಬೆರೆಸಿ ಹಾಕಿದೆ, ಪ್ರತಿ ಸಸಿಯ ಬುಡದಲ್ಲಿ ಬಣ್ಣ ಹಚ್ಚಿದ ಕಡ್ಡಿ ನೆಟ್ಟೆ. ನನ್ನ ಗಂಡ ಗೋದಾಮಿನಿಂದ ಹಳೆಯ ಪ್ಯಾಕಿಂಗ್ ಪಟ್ಟಿಗಳನ್ನು ತಂದು ಬೇಲಿ ಹೆಣೆದುಕೊಟ್ಟರು. ಖಾಲಾ ತಮ್ಮ ಆಡುಗಳನ್ನು ಮನೆಯ ಮುಂಬದಿಗೆ ಕಟ್ಟತೊಡಗಿದರು. ಅಷ್ಟೇ ಅಲ್ಲ, ನನ್ನ ಸಸಿಗಳಿಗೆ ಅವರಷ್ಟು ಕಟ್ಟುನಿಟ್ಟಿನ ಕಾವಲುಗಾರರು ಯಾರೂ ಇರಲಿಲ್ಲ. ಮೊಮ್ಮಕ್ಕಳ ಚೆಂಡು ಬಿದ್ದರೂ ಗೋಡೆಯಾಚೆಯಿಂದ ಗದರಿಸುವರು.

ರಜೆಯಲ್ಲಿ ಒಮ್ಮೆ ಅತ್ತೆ ಭಾಲ್ಕಿಗೆ ಬಂದಾಗ ಅವರನ್ನು ಕಾಲೇಜಿನ ಪ್ರಯೋಗಾಲಯಕ್ಕೆ ಕರೆದುಕೊಂಡು ಹೋದೆ. ಉಣ್ಣೆ ಎಲೆಯಿಂದ ಒಂದಿಷ್ಟು ರೋಮ ಕೆರೆದು ಸೂಕ್ಷ್ಮದರ್ಶಕದ ಕೆಳಗೆ ಇಟ್ಟೆ. ಮೊದಲು ಅವರಿಗೆ ತಮ್ಮ ರೆಪ್ಪೆಯೇ ಕಂಡಿತು. ಹೇಗೆ ನೋಡಬೇಕೆಂದು ತೋರಿಸಿದ ಮೇಲೆ ಮುಂದಕ್ಕೆ ಬಾಗಿ ಕುಳಿತರು. ಆ ರೋಮಗಳು ಎಳೆಯಂತೆ ಒಂಟಿಯಾಗಿ ಇರುವುದಿಲ್ಲ. ಒಂದೇ ಬುಡದಿಂದ ಎಲ್ಲ ದಿಕ್ಕಿಗೂ ಕಡ್ಡಿ ಚಾಚಿ ನಕ್ಷತ್ರದ ಹಾಗೆ ಇರುತ್ತವೆ. ಅವು ಒಂದರ ಮೇಲೊಂದು ಹೆಣೆದುಕೊಂಡೇ ಆ ಕಂಬಳಿ ಆಗುವುದು.

"ಇಷ್ಟೆಲ್ಲಾ ಚುಕ್ಕಿ ಒಂದು ಎಲಿ ಮ್ಯಾಲ?" ಎಂದರು ಅತ್ತೆ, ಕಣ್ಣು ತೆಗೆಯದೆ.

ಅಟೆಂಡರ್ ಬಾಗಿಲು ಹಾಕಬೇಕೆಂದು ಬಂದು ನಿಂತ. ಅವರು ಏಳಲಿಲ್ಲ.

ಗಿಡಗಳು ಹೂಬಿಟ್ಟವು, ಕಾಯಿ ಕಟ್ಟಿದವು. ಈ ಸಲ ಅನುಮಾನಕ್ಕೆ ಜಾಗವಿರಲಿಲ್ಲ. ಉಣ್ಣೆಯ ಬೀಜದಿಂದ ಹುಟ್ಟಿದ್ದಕ್ಕೆಲ್ಲ ಉಣ್ಣೆ, ಹೂವಿನ ನಡುವೆ ಬೊಟ್ಟು. ಕಾಯಿಯ ಚಕ್ರದಲ್ಲಿ ಹೋಳುಗಳು ಹೆಚ್ಚು, ತುದಿ ಮೊಂಡು. ಮಾಮೂಲಿಯದರಲ್ಲಿ ಹೋಳು ಕಡಿಮೆ, ತುದಿ ಚೂಪು. ಒಂದೇ ಮಡಿಯಲ್ಲಿ ಒಂದೇ ನೀರು ಕುಡಿದು, ಎರಡೂ ತಮ್ಮ ತಮ್ಮ ಹಾದಿಯಲ್ಲೇ ಬೆಳೆದಿದ್ದವು.

ಆಗ ಸರ್ ಪುಸ್ತಕ ತೆಗೆದರು. ಅವರ ಮನೆಯ ಪಡಸಾಲೆಯಲ್ಲಿ, ಗಿಡಗಳ ವಿವರಣೆಯ ಹಳೆಯ ಪುಸ್ತಕಗಳನ್ನು ಹರಡಿಕೊಂಡು ಮಧ್ಯಾಹ್ನವೆಲ್ಲ ಕುಳಿತೆವು. ಗಿಡ ಗುರುತಿಸಲು ಅವುಗಳಲ್ಲಿ ಕೊಟ್ಟಿದ್ದ ಪ್ರಶ್ನೆಗಳನ್ನು ಒಂದೊಂದಾಗಿ ಹಿಡಿದು ಇಳಿಯುತ್ತ ಹೋದೆವು. ರೋಮ ಅಂಟುತ್ತದೆಯೋ ಇಲ್ಲವೋ? ಇಲ್ಲ. ಹೋಳಿನ ತುದಿ ಚೂಪೋ ಮೊಂಡೋ? ಮೊಂಡು. ಹೀಗೆ ಇಳಿದು ಇಳಿದು ಬಂದು ನಿಂತದ್ದು ಒಂದು ಹೆಸರಿನ ಮುಂದೆ: ಅಬ್ಯುಟಿಲಾನ್ ಪ್ಯಾನೋಸಮ್. ಮರುಭೂಮಿಯ ಗಿಡ. ಆಫ್ರಿಕಾ, ಅರಬಸ್ತಾನ, ಸಿಂಧ್, ರಾಜಸ್ಥಾನದ ಮರಳಿನಲ್ಲಿ ಬೆಳೆಯುವಂಥದ್ದು. ಹಾಗೆಯೇ ದಖ್ಖನಿನ ಒಣ ಗುಡ್ಡಗಳಲ್ಲಿ ಅಲ್ಲಲ್ಲಿ.

"ಹೊಸಾದಲ್ಲ," ಎಂದೆ.

"ಹೊಸಾದಲ್ಲ. ಹೆಸರು ಇಟ್ಟು ಶತಮಾನ ಮ್ಯಾಲಾಗ್ಯದ." ಸರ್ ನನ್ನನ್ನೇ ನೋಡುತ್ತಿದ್ದರು. "ಬೇಜಾರಾಯ್ತೇನ್ರಿ?"

ಆಯಿತೆಂದೇ ಹೇಳಬೇಕು. ನಾನು ಯೋಚಿಸಿಟ್ಟಿದ್ದ ಹೆಸರು ಯಾರ ಬಾಯಿಯಲ್ಲೂ ಬರುವುದಿಲ್ಲವಲ್ಲ ಎಂದು ಒಂದು ಕ್ಷಣ ಪೆಚ್ಚೆನಿಸಿತು. ಆದರೆ ಆ ಪುಟದ ವಿವರಣೆ ಓದುತ್ತ ಹೋದ ಹಾಗೆ ಬೇರೊಂದು ಸಂತೋಷ ಬಂತು. ಎಲ್ಲಿಯೋ ಮರಳಿನ ನಾಡಿನಲ್ಲಿ ಕುಳಿತು, ನನ್ನ ಹಾಗೆಯೇ ಎಲೆಯನ್ನು ಬೆರಳಲ್ಲಿ ಉಜ್ಜಿ ನೋಡಿದ ಯಾರೋ ಒಬ್ಬರು ಇದನ್ನು ಬರೆದಿದ್ದರು. ಅವರು ಹೇಳಿದ ಒಂದೊಂದು ಗುಣವೂ ನಮ್ಮ ಹಿತ್ತಲಿನ ಗಿಡಕ್ಕೆ ಸರಿಯಾಗಿ ಕೂಡುತ್ತಿತ್ತು. ಪ್ಯಾನೋಸಮ್ ಎಂದರೇನೆಂದು ಕೇಳಿದೆ. ದಪ್ಪ ಉಣ್ಣೆಬಟ್ಟೆಯಂಥದ್ದು ಎಂದರು ಸರ್.

ಬಸ್ಸು ಜನವಾಡ ದಾಟುವಾಗ ಅತ್ತೆಗೆ ಫೋನು ಮಾಡಿ ಹೇಳಿದೆ. ಅವರು, "ಅದಕ್ಕ ಲ್ಯಾಟಿನ್ ಯಾಕ ಬೇಕಿತ್ತು? ನಾ ಕಂಬಳಿ ಅಂದಿದ್ದೆನಲ್ಲ" ಎಂದರು. ಆಮೇಲೆ ದನಿ ತಗ್ಗಿಸಿ ಕೇಳಿದರು: "ಹೊಸಾದಲ್ಲ ಅಂದ್ರ ಪಾಸ್ ಮಾಡಂಗಿಲ್ಲೇನು?"

ಪಾಸ್ ಮಾಡುತ್ತಾರೆ ಎಂದು ಸಮಾಧಾನ ಹೇಳಿದೆ. ನಾನು ನೋಡಿದ ಹಳೆಯ ಪಟ್ಟಿಗಳಲ್ಲಿ ಈ ಗಿಡಕ್ಕೆ ನಮ್ಮ ತಾಲೂಕಿನ ಹೆಸರು ಇರಲಿಲ್ಲ. ಅದನ್ನು ಸೇರಿಸುವುದೇ ಒಂದು ಕೆಲಸ. ಇದು ಬೇರೆ ಜಾತಿಯೇ ಎಂದು ಬೆಳೆಸಿ ತೋರಿಸಿದ್ದು ಇನ್ನೊಂದು. ಆಡಿನ ಪ್ರಸಂಗವನ್ನೂ ಅಧ್ಯಾಯದಲ್ಲಿ ಎರಡು ಸಾಲಿನಲ್ಲಿ ಬರೆದೆ, ಮೊದಲ ವರ್ಷದ ಸಸಿಗಳು ಜಾನುವಾರು ಮೇಯ್ದು ಹಾಳಾದವು ಎಂದು. ಜಾನುವಾರು ಯಾರದೆಂದು ಬರೆಯಲಿಲ್ಲ.

ಬೀದರಿನಲ್ಲಿ ನಡೆದ ಕೊನೆಯ ಮೌಖಿಕ ಪರೀಕ್ಷೆಗೆ ಅತ್ತೆ, ಖಾಲಾ ಇಬ್ಬರೂ ಬಂದಿದ್ದರು. ಒಳಗೆ ಯಾರು ಬೇಕಾದರೂ ಕುಳಿತು ಕೇಳಬಹುದಿತ್ತು. ಹಿಂದಿನ ಸಾಲಿನಲ್ಲಿ ಇಳಕಲ್ ಸೀರೆಯೊಂದು, ಕಪ್ಪು ಬುರ್ಖಾ ಒಂದು. ನಾನು ಇಂಗ್ಲಿಷಿನಲ್ಲಿ ಮಾತಾಡುತ್ತಿದ್ದೆ, ಅವರಿಗೆ ಒಂದು ಅಕ್ಷರವೂ ತಿಳಿಯುತ್ತಿರಲಿಲ್ಲ. ಪರದೆಯ ಮೇಲೆ ಹಿತ್ತಲಿನ ಚಿತ್ರ ಬಂದಾಗ ಮಾತ್ರ ಖಾಲಾ, "ಅರೇ, ನಮ್ಮ ಗ್ವಾಡಿ!" ಎಂದು ಜೋರಾಗಿಯೇ ಹೇಳಿಬಿಟ್ಟರು. ಪರೀಕ್ಷಕರು ತಿರುಗಿ ನೋಡಿ ನಕ್ಕರು.

ಪಾಸಾಗಿ ಹೊರಗೆ ಬಂದ ಮೇಲೆ ಪೇಟೆಗೆ ಹೋದೆವು. ಖಾಲಾಗೆ ಬಳೆ ಬೇಕಿತ್ತು, ಅತ್ತೆಗೆ ಕಾಲಿಗೆ ಮೆತ್ತಗಿನ ಚಪ್ಪಲಿ. ಅಂಗಡಿಯವ ಯಾವ ಬಣ್ಣದ ಬಳೆ ಬೇಕೆಂದು ಕೇಳಿದಾಗ ಖಾಲಾ ಹಸಿರು ಎಂದರು, ಅತ್ತೆ ಬೇಡ ಹಳದಿ ತಗೋ ಎಂದರು, ಇಬ್ಬರೂ ಅಂಗಡಿಯಲ್ಲೇ ವಾದ ಶುರು ಮಾಡಿದರು. ನನ್ನ ಗಂಡ ಕೊಳಾರದಿಂದ ಅರ್ಧ ದಿನದ ರಜೆ ಹಾಕಿ ಬಂದು ಸೇರಿಕೊಂಡರು. ನಾಲ್ವರೂ ಒಂದು ಹೋಟೆಲಿಗೆ ಹೋಗಿ ಒಗ್ಗರಣೆ ಹಾಕಿದ ಮಂಡಕ್ಕಿಯ ಸೂಸಲಾ, ಜೊತೆಗೆ ಮಿರ್ಚಿ ಭಜಿ ತಿಂದೆವು. ಅತ್ತೆ ಹೊಸ ಚಪ್ಪಲಿಯನ್ನು ಆಗಲೇ ಹಾಕಿಕೊಂಡಿದ್ದರು. ಮೇಜಿನ ಕೆಳಗೆ ಕಾಲು ಮುಂದೆ ಚಾಚಿ ಆಗಾಗ ನೋಡಿಕೊಳ್ಳುತ್ತ, ಮಿರ್ಚಿಗೆ ಉಪ್ಪು ಕಡಿಮೆಯಾಗಿದೆ ಎಂದು ಹೇಳುತ್ತ, ಮತ್ತೊಂದು ಪ್ಲೇಟು ತರಿಸಿದರು.